ನೀರಿನ ಗೆರೆಯ ಗುಂಟ

ಸಗರನಾಡಿನ ಚೆಲುವು ಸವಿಯಬೇಕೆಂದರೆ ಆಗಸ್ಟ್ ಕೊನೆಗೆ ಬರಬೇಕು. ಕಾಲುವೆಗೆ ನೀರು ಬಂದು ಕೆಲವು ವಾರಗಳಾಗಿರುತ್ತವೆ. ಭತ್ತದ ನಾಟಿ ಕೆಲವು ಕಡೆ ಮುಗಿದಿರುತ್ತದೆ, ಕೆಲವು ಕಡೆ ಭರದಿಂದ ನಡೆದಿರುತ್ತದೆ. ಶಹಾಪುರದಿಂದ ಸುರಪುರಕ್ಕೆ ಹೋಗುವ ದಾರಿಯಲ್ಲಿ ಆಗ ಮೂರು ಬಣ್ಣ ಒಂದರ ಮಗ್ಗುಲಿಗೆ ಒಂದು ನಿಂತಿರುತ್ತವೆ: ಬೂದಿ ಬಣ್ಣದ ಕಲ್ಲುಬೆಟ್ಟ, ಅದರ ಬುಡಕ್ಕೆ ಕೆಂಪು ಮಸಾರಿ ಭೂಮಿ, ಮಸಾರಿ ಮುಗಿದಲ್ಲಿಂದ ಒಮ್ಮೆಗೇ ಶುರುವಾಗುವ ಎಳೆ ಹಸಿರು. ಮಲೆನಾಡಿನಲ್ಲಿ ಹಸಿರು ಹಸಿರಿನೊಳಗೇ ಕರಗಿಹೋಗುತ್ತದೆ. ಇಲ್ಲಿಯ ಹಸಿರಿಗೆ ಒಂದು ಅಂಚಿದೆ. ಆ ಅಂಚನ್ನು ಹಿಡಿದು ಬೆಳಿಗ್ಗೆಯಿಂದ ಸಂಜೆಯವರೆಗೆ ನಡೆದರೆ ಯಾದಗಿರಿ ಜಿಲ್ಲೆಯ ಸಾರವನ್ನೆಲ್ಲ ನಿಧಾನವಾಗಿ ರುಚಿ ನೋಡಿದಂತಾಗುತ್ತದೆ.

ಅಂಚು ಅಲ್ಲೇ ಏಕಿದೆ ಎಂಬುದು ಕಾಲುವೆಯ ಏರಿಯ ಮೇಲೆ ನಿಂತಾಗ ತಿಳಿಯುತ್ತದೆ. ಕಾಲುವೆ ಬೆಟ್ಟದ ಪಾದವನ್ನು ಬಳಸುತ್ತ, ಉಬ್ಬು ಬಂದಲ್ಲಿ ಸುತ್ತು ಹಾಕುತ್ತ, ಸಾಧ್ಯವಾದಷ್ಟೂ ಒಂದೇ ಮಟ್ಟದಲ್ಲಿ ಹರಿಯುವ ಗೆರೆ. ಗೆರೆಯ ಕೆಳಗಿನ ಹೊಲಕ್ಕೆ ನೀರು ತಾನಾಗಿ ಇಳಿಯುತ್ತದೆ. ಒಂದು ಮೊಳ ಮೇಲಿರುವ ಹೊಲಕ್ಕೆ ಏರುವುದಿಲ್ಲ. ಹಾಗಾಗಿ ಕೆಳಗೆ ಭತ್ತ, ಮೇಲೆ ತೊಗರಿ, ಸಜ್ಜೆ, ಹೆಸರು. ಕೆಳಗೆ ಬೆಳ್ಳಕ್ಕಿ, ಮೇಲೆ ಕುರಿಹಿಂಡು. ದಾರಿ ತೋರಿಸಲು ನಮ್ಮೊಂದಿಗೆ ಬಂದಿದ್ದ ಹುಡುಗ ಬಿ.ಎ. ಓದುವವನು, ಬೇಡರ ಮನೆತನದವನು, ಈ ಬೆಟ್ಟಗಳಲ್ಲಿ ಆಡು ಕಾಯ್ದು ಬೆಳೆದವನು. ಏರಿಯ ಮೇಲೆ ನಮ್ಮನ್ನು ನಿಲ್ಲಿಸಿ ಹೇಳಿದ: "ಇಲ್ಲಿ ನಿಂತು ಎಡಕ್ಕ ನೋಡ್ರಿ, ಬಲಕ್ಕ ನೋಡ್ರಿ. ನಮ್ ತಾಲೂಕು ಅಂದ್ರ ಇಷ್ಟ ಐತ್ರಿ." ಆ ಮಾತಿನಲ್ಲಿ ಅತಿಶಯವಿರಲಿಲ್ಲ.

ಈ ನೀರು ಮಹಾಬಳೇಶ್ವರದ ಬೆಟ್ಟದಲ್ಲಿ ಹುಟ್ಟಿ, ಆಲಮಟ್ಟಿಯಲ್ಲಿ ತಂಗಿ, ನಾರಾಯಣಪುರದ ಬಸವಸಾಗರಕ್ಕೆ ಬಂದು, ಅಲ್ಲಿಂದ ಎಡದಂಡೆಗೆ ಹೊರಳಿದ ಕೃಷ್ಣೆ. 1964ರ ಮೇ 22ರಂದು ಲಾಲ್ ಬಹದ್ದೂರ್ ಶಾಸ್ತ್ರಿಯವರು ಕೃಷ್ಣಾ ಮೇಲ್ದಂಡೆ ಯೋಜನೆಗೆ ಅಡಿಗಲ್ಲು ಹಾಕಿದರು. ನಾರಾಯಣಪುರದ ಅಣೆಕಟ್ಟು ತಲೆ ಎತ್ತಿ ಈ ನೆಲಕ್ಕೆ ನೀರು ಹರಿದದ್ದು ಎಂಬತ್ತರ ದಶಕದಲ್ಲಿ. ಜಲಾಶಯದ ಗರಿಷ್ಠ ಮಟ್ಟ ಸಮುದ್ರದಿಂದ 492.25 ಮೀಟರ್ ಎತ್ತರ. ಅಲ್ಲಿಂದ ಹೊರಟ ನೀರು ಹುಣಸಗಿ, ಸುರಪುರ, ಶಹಾಪುರಗಳ ಕಲ್ಲುನೆಲದಲ್ಲಿ ತನಗೆ ಕೊಟ್ಟ ಸಣ್ಣ ಇಳಿಜಾರನ್ನು ಒಂದಿಷ್ಟೂ ವ್ಯರ್ಥ ಮಾಡದೆ ನಡೆಯುತ್ತದೆ. ಇಷ್ಟು ಮೆಲ್ಲನೆ ಇಳಿಯುವ ಗೆರೆಯನ್ನು ಗುಂಡುಕಲ್ಲುಗಳ ನಾಡಿನಲ್ಲಿ ಎಳೆದ ಅಳತೆಗಾರರ ಕಣ್ಣನ್ನು ನಾನು ಮನಸಾರೆ ಮೆಚ್ಚುತ್ತೇನೆ. ಶಿಲ್ಪಿಯ ಕೆಲಸ ನೋಡಿ ತಲೆದೂಗುವ ನಾವು ಮಟ್ಟ ಹಿಡಿದವರನ್ನು ನೆನೆಯುವುದು ಅಪರೂಪ. 2023ರ ಜನವರಿ 19ರಂದು ಕೊಡೇಕಲ್‌ನಲ್ಲಿ ಪ್ರಧಾನಿ ಉದ್ಘಾಟಿಸಿದ ಕಾಲುವೆ ಆಧುನೀಕರಣದ ನಂತರ ದೊಡ್ಡ ಕಾಲುವೆಯ ಮೈಗೆ ಹೊಸ ಕಾಂಕ್ರೀಟು ಬಂದಿದೆ, ಗೇಟುಗಳು ಯಂತ್ರದ ಮಾತು ಕೇಳುತ್ತವೆ. ನಾವು ನಡೆದ ಉಪಕಾಲುವೆಯಲ್ಲಿ ಮಾತ್ರ ದಂಡೆಯ ಹುಲ್ಲು ನೀರಿನೊಳಕ್ಕೆ ಬಾಗಿತ್ತು, ಎಮ್ಮೆಗಳು ಮೂಗು ಮಾತ್ರ ಹೊರಗಿಟ್ಟು ಮಲಗಿದ್ದವು.

ಕಾಲುವೆಯ ಏರಿಯ ಮೇಲಿನ ನಡಿಗೆ ಬಲು ಸುಖದ್ದು. ಏರಿಕೆಯಿಲ್ಲ, ಇಳಿತವಿಲ್ಲ, ನೀರು ಹೋಗುವ ದಿಕ್ಕಿಗೇ ಕಾಲೂ ಹೋಗುತ್ತದೆ. ಬಲಗಡೆ ಹಸಿರು ಸ್ವಲ್ಪ ಸ್ವಲ್ಪವೇ ಕೆಳಕ್ಕೆ ಸರಿಯುತ್ತ ಹಳ್ಳದತ್ತ ಹೋಗುತ್ತದೆ. ಎಡಗಡೆ ಬೆಟ್ಟದ ಆಕಾರ ಪ್ರತಿ ತಿರುವಿಗೂ ಬದಲಾಗುತ್ತದೆ. ಶಹಾಪುರದ ಬೆಟ್ಟಗಳ ಸಾಲನ್ನು ಸರಿಯಾದ ಜಾಗದಿಂದ ನೋಡಿದರೆ ಬುದ್ಧ ಅಂಗಾತ ಮಲಗಿದ ಹಾಗೆ ಕಾಣುತ್ತದೆ. ಹಣೆ, ಮೂಗು, ಗದ್ದ, ಎದೆ, ಎಲ್ಲವೂ ಬೇರೆ ಬೇರೆ ಬೆಟ್ಟಗಳಿಂದ ಕೂಡಿಬಂದವು. ಫೋಟೋ ತೆಗೆಯಲು ರಸ್ತೆಯಲ್ಲಿ ಗಾಡಿ ನಿಲ್ಲಿಸುವವರು ಬಹಳ. ಆದರೆ ಕಾಲುವೆಯ ಗುಂಟ ನಡೆಯುವವನಿಗೆ ದಕ್ಕುವುದೇ ಬೇರೆ: ನೋಡನೋಡುತ್ತಲೇ ಮೂಗು ಎದೆಯಿಂದ ದೂರ ಸರಿದು, ಮುಖ ಒಡೆದು, ಬುದ್ಧ ಮತ್ತೆ ಬರಿಯ ಬೆಟ್ಟಗಳಾಗುವುದು. ಆ ಕ್ಷಣ ನನಗೆ ಇಡೀ ರೂಪಕ್ಕಿಂತ ಹೆಚ್ಚು ಪ್ರಿಯವಾಯಿತು.

ಒಂದು ತೂಬಿನ ಹತ್ತಿರ ಏರಿ ಬಿಟ್ಟು ಗದ್ದೆಗೆ ಇಳಿದೆವು. ಮೆಟ್ಟಿಲು ಗದ್ದೆ ಎಂದೊಡನೆ ಜಗತ್ತಿನ ಕಣ್ಣು ಫಿಲಿಪ್ಪೀನ್ಸಿನ ಇಫುಗಾವೊ ಬೆಟ್ಟಗಳಿಗೆ, ಚೀನಾದ ಯುನ್ನಾನಿನ ಹಾನಿ ಜನರ ಬೆಟ್ಟಗಳಿಗೆ, ವಿಯೆಟ್ನಾಮಿನ ಸಾಪಾಕ್ಕೆ ಹೋಗುತ್ತದೆ. ಮೊದಲೆರಡನ್ನು 1995 ಮತ್ತು 2013ರಲ್ಲಿ ಯುನೆಸ್ಕೋ ವಿಶ್ವಪರಂಪರೆಗೆ ಸೇರಿಸಿತು. ಅಲ್ಲಿ ಕಾಡಿನ ತೊರೆಯನ್ನು ತಿರುಗಿಸಿ ತಂದು, ತಲೆಮಾರುಗಳ ಕೈ ಬೆಟ್ಟವನ್ನೇ ಕಡಿದು ಮೆಟ್ಟಿಲು ಮಾಡಿದೆ. ನಮ್ಮ ಸಗರನಾಡಿನ ಮೆಟ್ಟಿಲುಗಳಿಗೆ ಅಂಥ ಎತ್ತರವೂ ಇಲ್ಲ, ವಯಸ್ಸೂ ಇಲ್ಲ. ಕಾಲುವೆ ಬಂದ ಮೇಲೆ ಡೋಜರ್, ಟ್ರ್ಯಾಕ್ಟರ್ ಹಚ್ಚಿ ನೆಲವನ್ನು ಮಟ್ಟ ಮಾಡಿದವು ಇವು. ಒಂದು ಮಡಿಯಿಂದ ಮುಂದಿನ ಮಡಿಗೆ ಇಳಿತ ಮೊಣಕಾಲಿನಷ್ಟು, ಹಲವೆಡೆ ಗೇಣಿನಷ್ಟು. ಆದರೆ ನೆಲದ ಇಳಿಜಾರು ಎಷ್ಟು ಸೂಕ್ಷ್ಮವೆಂದರೆ, ಒಣಗಿದ್ದಾಗ ಕಣ್ಣಿಗೆ ಬೀಳದ ಏರಿಳಿತವನ್ನೆಲ್ಲ ನೀರು ನಿಂತೊಡನೆ ಬದುಗಳು ತೋರಿಸಿಕೊಡುತ್ತವೆ. ಬಾಗಿದ ಬದು ಕಂಡರೆ ಅಲ್ಲಿ ನೆಲ ಬಾಗಿದೆ. ಬದುಗಳು ಹತ್ತಿರ ಹತ್ತಿರ ಬಂದರೆ ಅಲ್ಲಿ ಇಳಿಜಾರು ಹೆಚ್ಚಿದೆ. ಸೀರೆಯ ನೆರಿಗೆ ಮೈಯ ತಿರುವನ್ನು ಹೇಳುವಂತೆ, ಈ ಬದುಗಳು ಸಗರನಾಡಿನ ಮೈಯನ್ನು ಹೇಳುತ್ತವೆ.

ಒಂದು ಮಡಿ ತುಂಬಿದ ಮೇಲೆ ಹೆಚ್ಚಿನ ನೀರು ಕೆಳಗಿನ ಮಡಿಗೆ ಇಳಿಯಲಿ ಎಂದು ಬದುವಿನಲ್ಲಿ ಸಣ್ಣ ಬಾಯಿ ಬಿಟ್ಟಿರುತ್ತಾರೆ. ಮಣ್ಣು ಕೊಚ್ಚಿಹೋಗದಿರಲು ಅಲ್ಲಿಗೆ ಒಂದು ಹಿಡಿ ಹುಲ್ಲು, ಅಥವಾ ಒಂದು ಚಪ್ಪಟೆ ಕಲ್ಲು. ಈ ಬಾಯಿಗಳ ಸದ್ದಿಗಾಗಿಯೇ ಯಾರಾದರೂ ಇಲ್ಲಿ ಅರ್ಧ ದಿನ ಕಳೆಯಬಹುದು. ಗೇಣುದ್ದ ಬೀಳುವ ನೀರಿಗೂ ಮೊಣಕಾಲೆತ್ತರದಿಂದ ಬೀಳುವ ನೀರಿಗೂ ದನಿ ಬೇರೆ. ಹುಲ್ಲಿನ ಮೇಲೆ ಬೀಳುವುದು ಮೆತ್ತಗೆ, ಕಲ್ಲಿನ ಮೇಲೆ ಬೀಳುವುದು ಚುರುಕು. ಬದುವಿನ ಮೇಲೆ ನಡೆಯುವಾಗ ಒಂದು ಸದ್ದು ಹಿಂದೆ ಉಳಿದು ಮುಂದಿನದು ಸೇರಿಕೊಳ್ಳುತ್ತ ಹೋಗುತ್ತದೆ. ಹುಡುಗ ಒಂದೆಡೆ ಥಟ್ಟನೆ ನಿಂತ. ಕೆಳಗಿನ ಮಡಿಯೊಂದರಲ್ಲಿ ಸದ್ದು ಇರಬೇಕಾದಲ್ಲಿ ಇರಲಿಲ್ಲ. ಏಡಿ ಬದುವಿಗೆ ತೂತು ಕೊರೆದು ನೀರು ಅಡ್ಡದಾರಿ ಹಿಡಿದಿತ್ತು. ಅವನು ಚಪ್ಪಲಿ ಬಿಟ್ಟು ಕೆಸರಿಗಿಳಿದು, ಎರಡು ಮುಷ್ಟಿ ಮಣ್ಣು ತುಂಬಿ, ಹಿಮ್ಮಡಿಯಿಂದ ತುಳಿದು ಮೇಲೆ ಬಂದ. ಹೊಲ ಯಾರದೆಂದು ಕೇಳಿದೆ. "ಯಾರದಾರ ಇರ್ಲಿ ಬಿಡ್ರಿ, ನೀರು ಹೋಗಬಾರ್ದು" ಎಂದ. ಕಿವಿಯಿಂದ ಹೊಲ ನೋಡುವ ವಿದ್ಯೆ ಪುಸ್ತಕದಲ್ಲಿ ಸಿಗುವಂಥದ್ದಲ್ಲ.

ಈ ಹಸಿರಿನ ಬಗ್ಗೆ ಹೇಳಲೇಬೇಕಾದ ಇನ್ನೊಂದು ಮಾತಿದೆ. ಕೃಷ್ಣಾ ಮೇಲ್ದಂಡೆ ಯೋಜನೆಯ ಲೆಕ್ಕದಲ್ಲಿ ಇಲ್ಲಿ ಬೆಳೆಯಬೇಕಾದದ್ದು ಹೆಚ್ಚಾಗಿ ಜೋಳ, ತೊಗರಿ, ಶೇಂಗಾ, ಹತ್ತಿಯಂಥ ಕಡಿಮೆ ನೀರಿನ ಬೆಳೆಗಳು. ಬರದ ನಾಡಿನ ಆದಷ್ಟೂ ಹೆಚ್ಚು ಹೊಲಕ್ಕೆ ಸ್ವಲ್ಪ ಸ್ವಲ್ಪ ನೀರು ಮುಟ್ಟಲಿ ಎಂಬುದು ಆ ಲೆಕ್ಕದ ಆಸೆ. ಭತ್ತ ಅದನ್ನು ಮೀರಿ ಬಂತು. ಗೋದಾವರಿ, ಕೃಷ್ಣಾ ಮುಖಜಭೂಮಿಯ ಕಡೆಯಿಂದ ಭೂಮಿ ಕೊಳ್ಳಲು ಬಂದ ತೆಲುಗು ರೈತರು ಕ್ಯಾಂಪುಗಳನ್ನು ಕಟ್ಟಿಕೊಂಡು ಕೆಸರುಗದ್ದೆಯ ಕಸುಬನ್ನು ತಂದರು. ಇಲ್ಲಿಯವರು ನೋಡಿ ಕಲಿತರು. ಬಾಪಟ್ಲಾದಲ್ಲಿ ಹುಟ್ಟಿದ ಬಿಪಿಟಿ 5204 ತಳಿ ಸೋನಾ ಮಸೂರಿ ಎಂಬ ಹೆಸರಿನಲ್ಲಿ ಎಲ್ಲರ ಹೊಲ ಸೇರಿತು. ಕಾಲುವೆಯ ತಲೆಯ ಕಡೆ ಭತ್ತ ಹೆಚ್ಚಿದಂತೆ ಕೊನೆಯ ಭಾಗದ ರೈತರಿಗೆ ನೀರು ಮುಟ್ಟುವುದು ಕಷ್ಟವಾಯಿತು. ಪ್ರತಿ ಹಂಗಾಮಿನಲ್ಲೂ ನೀರಾವರಿ ಸಲಹಾ ಸಮಿತಿ ಸಭೆ ಸೇರುವುದು, ನೀರನ್ನು ಸರದಿಯ ಮೇಲೆ ಬಿಡುವ ವಾರಾಬಂದಿ ಹಾಕುವುದು, ಭೀಮರಾಯನಗುಡಿಯ ನೀರಾವರಿ ಕಚೇರಿಯ ಮುಂದೆ ಕೊನೆಯ ಭಾಗದವರು ಧರಣಿ ಕೂರುವುದು ಈ ನಾಡಿಗೆ ಪರಿಚಿತ ದೃಶ್ಯ. ಗದ್ದೆಯ ಚೆಲುವನ್ನು ಮೆಚ್ಚುವವನು ಇದನ್ನು ಮರೆಯಬಾರದು. ಮೇಲಿನ ಮಡಿ ತುಂಬಿ ಹರಿದರಷ್ಟೇ ಕೆಳಗಿನ ಮಡಿಗೆ ನೀರು. ಒಂದು ಹೊಲದೊಳಗೆ ಇಷ್ಟು ಸಲೀಸಾಗಿ ನಡೆಯುವ ನ್ಯಾಯ ಇಡೀ ಕಾಲುವೆಯ ಉದ್ದಕ್ಕೆ ನಡೆಯಲಿ ಎಂಬ ಆಸೆ ನನ್ನದೂ ಹೌದು.

ನಾಟಿ ನಡೆದಿದ್ದ ಗದ್ದೆಗೆ ಬಂದಾಗ ಬಿಸಿಲು ಏರಿತ್ತು. ಹೆಣ್ಣುಮಕ್ಕಳ ಒಂದು ಗುಂಪು ಸಾಲಾಗಿ ಬಾಗಿ ಹಿಂದಕ್ಕೆ ಹೆಜ್ಜೆ ಇಡುತ್ತ ಸಸಿ ಹಚ್ಚುತ್ತಿತ್ತು. ಎಡಗೈಯಲ್ಲಿ ಸಸಿಯ ಕಟ್ಟು, ಬಲಗೈಯ ಹೆಬ್ಬೆರಳು ಎರಡು ಮೂರು ಸಸಿ ಬಿಡಿಸಿ ಕೆಸರಿಗೆ ಊರುತ್ತದೆ, ಮರುಕ್ಷಣ ಮುಂದಿನ ಜಾಗಕ್ಕೆ ಹಾರುತ್ತದೆ. ಹಗ್ಗ ಹಿಡಿದಿರಲಿಲ್ಲ. ಆದರೂ ಸಾಲು ಸಾಲಿಗೆ ಹೊಂದಿಕೊಂಡಿತ್ತು, ಏಕೆಂದರೆ ಪ್ರತಿಯೊಬ್ಬಳ ಅಳತೆ ಪಕ್ಕದವಳ ಕೈ. ಹಿಂದಕ್ಕೆ ನಡೆಯುವುದರಲ್ಲಿ ಒಂದು ಜಾಣತನವಿದೆ: ಹಚ್ಚಿದ ಸಸಿ ಕಾಲಡಿಗೆ ಸಿಗುವುದಿಲ್ಲ, ಮಾಡಿದ ಕೆಲಸವೆಲ್ಲ ಕಣ್ಣ ಮುಂದೆ ಬೆಳೆಯುತ್ತ ಹೋಗುತ್ತದೆ. ಅವರ ಬೆನ್ನ ಹಿಂದೆ ಬರಿಯ ನೀರು, ಅದರಲ್ಲಿ ಬೆಟ್ಟ ತಲೆಕೆಳಗಾಗಿ ನಿಂತಿತ್ತು. ಮುಂದೆ ಹಸಿರು ಚುಕ್ಕಿಗಳು ಒಂದೊಂದಾಗಿ ಆ ಬೆಟ್ಟವನ್ನು ಮುಚ್ಚುತ್ತಿದ್ದವು.

"ಹುಷಾರ್ರೀ ಅಣ್ಣಾರ, ಬದು ಜಾರ್ತದ" ಎಂದು ಒಬ್ಬಾಕೆ ತಲೆ ಎತ್ತದೆಯೇ ಕೂಗಿದರು. ಗುಂಪಿನ ಅರ್ಧ ಜನ ಹತ್ತಿರದ ಹಳ್ಳಿಯವರು, ಉಳಿದರ್ಧ ಭೀಮೆಯ ಆಚೆ, ಯಾದಗಿರಿ–ಗುರುಮಠಕಲ್ ಕಡೆಯ ತಾಂಡಾಗಳಿಂದ ಟಂಟಂನಲ್ಲಿ ಬಂದ ಲಂಬಾಣಿ ಹೆಣ್ಣುಮಕ್ಕಳು. ಎಕರೆಗೆ ಇಷ್ಟೆಂದು ಗುತ್ತಿಗೆ ಹಿಡಿದು ಹಚ್ಚುತ್ತಾರೆ. ಆ ಸಾಲನ್ನು ನೋಡುತ್ತಿದ್ದಾಗ ಹದಿನೇಳನೆಯ ಶತಮಾನದಲ್ಲಿ ದಖ್ಖನ್ನಿನಲ್ಲಿ ಓಡಾಡಿದ ಫ್ರೆಂಚ್ ವರ್ತಕ ತಾವೆರ್ನಿಯೇ ಬರೆದಿಟ್ಟದ್ದು ನೆನಪಾಯಿತು. ಎತ್ತುಗಳ ಮೇಲೆ ಸರಕು ಸಾಗಿಸುವ ಜನರಲ್ಲಿ ನಾಲ್ಕು ಪಂಗಡ, ಒಂದೊಂದಕ್ಕೂ ಒಂದೊಂದೇ ಸರಕು, ಒಂದರದು ಅಕ್ಕಿ, ಇನ್ನೊಂದರದು ಉಪ್ಪು ಎಂದು ಅವನು ವಿವರಿಸುತ್ತಾನೆ. ಸಾವಿರಾರು ಎತ್ತುಗಳ ಆ ಸಾಲು ಬಂಜಾರರದು, ಅಂದರೆ ಈ ಲಂಬಾಣಿಗಳ ಹಿರಿಯರದು. ಮೊಗಲರ ದಂಡು ದಖ್ಖನ್ನಿನಲ್ಲಿ ಉಣ್ಣುತ್ತಿದ್ದುದೇ ಅವರು ಹೊತ್ತು ತಂದ ಧಾನ್ಯದಿಂದ. ರೈಲು ಬಂತು, ಎತ್ತಿನ ಸಾಲು ನಿಂತಿತು. 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆ ಅಲೆಮಾರಿಗಳನ್ನೆಲ್ಲ ಅನುಮಾನದ ಕಣ್ಣಿನಿಂದ ನೋಡಿತು. ಊರಿನಿಂದ ದೂರ, ಕಲ್ಲುನೆಲದ ಮೇಲೆ ತಾಂಡಾಗಳು ನೆಲೆಯೂರಿದವು. ಒಂದು ಕಾಲಕ್ಕೆ ದಂಡಿಗೆ ಅಕ್ಕಿ ಹೊತ್ತವರ ಮನೆಯ ಹೆಣ್ಣುಮಕ್ಕಳು ಈಗ ಅಕ್ಕಿಯ ಬೇರನ್ನೇ ನೆಲಕ್ಕೆ ಊರುತ್ತಿದ್ದಾರೆ. ಊರುವ ಕೈಯಲ್ಲಿ ದಂತದ ಬಣ್ಣದ ಬಳೆ ಮೊಳಕೈವರೆಗೆ ಇದ್ದದ್ದು ಒಬ್ಬ ಮುದುಕಿಯದು ಮಾತ್ರ. ಉಳಿದವರು ಸೀರೆಯ ಮೇಲೆ ಗಂಡಸರ ತುಂಬುತೋಳಿನ ಅಂಗಿ ತೊಟ್ಟಿದ್ದರು, ಬಿಸಿಲಿಗೆ, ಎಲೆಯ ತುರಿಕೆಗೆ.

ಹೀಗೆ ಸಾಲು ಹಿಡಿದು ಇಡುವುದು ಈ ನೆಲಕ್ಕೆ ಹೊಸದೇನೂ ಅಲ್ಲ. ಶಹಾಪುರದ ಪಕ್ಕದ ವಿಭೂತಿಹಳ್ಳಿಯಲ್ಲಿ ಬಯಲಿನ ತುಂಬ ಗುಂಡುಕಲ್ಲುಗಳನ್ನು ಸಾಲು ಸಾಲಾಗಿ ಇಟ್ಟಿದ್ದಾರೆ. ಬೃಹತ್ ಶಿಲಾಯುಗದ ಜನರ ಕೆಲಸ. ಸೂರ್ಯನ ಉತ್ತರಾಯಣ, ದಕ್ಷಿಣಾಯನದ ತಿರುವಿಗೂ ಆ ಸಾಲುಗಳಿಗೂ ಇರುವ ನಂಟಿನ ಬಗ್ಗೆ ವಿದ್ವಾಂಸರು ಅಧ್ಯಯನ ಮಾಡಿದ್ದಾರೆ. ಸುರಪುರದ ಕಡೆಯ ಬೂದಿಹಾಳದಲ್ಲಿ ನವಶಿಲಾಯುಗದ ದನಗಾಹಿಗಳು ಸುಟ್ಟ ಸಗಣಿಯ ಬೂದಿಗುಡ್ಡವಿದೆ. ಪುಣೆಯ ಡೆಕ್ಕನ್ ಕಾಲೇಜಿನ ಕೆ. ಪದ್ದಯ್ಯನವರು ಅಲ್ಲಿ ಉತ್ಖನನ ಮಾಡಿ ಆ ಜನರ ಬದುಕನ್ನು ಬಿಡಿಸಿ ತೋರಿಸಿದರು. ಹುಣಸಗಿ ಕಣಿವೆಯ ಇಸಾಂಪುರದಲ್ಲಿ ಹತ್ತು ಲಕ್ಷ ವರ್ಷಕ್ಕೂ ಹಿಂದಿನವೆಂದು ಕಾಲನಿರ್ಣಯವಾದ ಕಲ್ಲಿನ ಕೈಗೊಡಲಿಗಳು ಸಿಕ್ಕಿವೆ. ಕಾಲುವೆಗೆ ನಲವತ್ತು ಚಿಲ್ಲರೆ ವರ್ಷ. ಕಾಲುವೆಯ ದಂಡೆಯ ಮೇಲೆ ಕೂತು ಈ ಲೆಕ್ಕ ಹಾಕಿದರೆ ಎದುರಿನ ಹಸಿರು ಇನ್ನಷ್ಟು ಎಳೆಯದಾಗಿ ಕಾಣುತ್ತದೆ.

ಮಧ್ಯಾಹ್ನದ ಊಟ ಬೇವಿನ ಮರದ ಕೆಳಗೆ. ಹುಡುಗನ ಅವ್ವ ಕಟ್ಟಿಕೊಟ್ಟ ಗಂಟಿನಲ್ಲಿ ಬಿಳಿಜೋಳದ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ, ಉಳ್ಳಾಗಡ್ಡಿ. ಪುಂಡಿಪಲ್ಯಕ್ಕೆ ಜೋಳದ ನುಚ್ಚು ಹಾಕಿ ಕುದಿಸಿ, ಬೆಳ್ಳುಳ್ಳಿ ಒಗ್ಗರಣೆ ಕೊಟ್ಟಿದ್ದರು. ಹುಳಿ ಮೊದಲು ನಾಲಿಗೆಯ ಅಂಚಿಗೆ ತಾಗಿ, ನುಚ್ಚಿನ ಸಪ್ಪೆ ಅದನ್ನು ಸಮ ಮಾಡಿ, ಕೊನೆಗೆ ಹಸಿಮೆಣಸಿನಕಾಯಿ ನಿಧಾನವಾಗಿ ಏರುತ್ತದೆ. ಸುತ್ತ ಕಣ್ಣು ಹಾಯುವವರೆಗೆ ಭತ್ತವಿದ್ದರೂ ಗಂಟಿನಲ್ಲಿ ಅನ್ನವಿರಲಿಲ್ಲ. ನಾಟಿಯ ಹೆಣ್ಣುಮಕ್ಕಳ ಡಬ್ಬಿಗಳಲ್ಲೂ ರೊಟ್ಟಿಯದೇ ಮೇಲುಗೈ. ಅಕ್ಕಿ ಹಬ್ಬದ ದಿನದ್ದಾಗಿದ್ದ ಕಾಲ ಹಿರಿಯರಿಗೆ ಇನ್ನೂ ನೆನಪಿದೆ. "ಅನ್ನ ಉಂಡ್ರ ಸಂಜಿತನಕ ಬಗ್ಗಿ ನಿಂದ್ರಾಕ ಆಗಲ್ರಿ" ಎಂದು ಒಬ್ಬಾಕೆ ರೊಟ್ಟಿ ಮುರಿಯುತ್ತ ಹೇಳಿದರು.

ಊಟ ಮುಗಿಸಿ ಕಾಲುವೆ ದಾಟಿ ಮೇಲಕ್ಕೆ ಹೊರಟೆವು. ಹತ್ತೇ ನಿಮಿಷಕ್ಕೆ ಕಾಲಡಿಯ ನೆಲ ಬದಲಾಯಿತು; ಮಸಾರಿ, ಗರಸು, ಹಾಸುಬಂಡೆ. ಗಾಳಿಯಲ್ಲಿ ಕೆಸರಿನ ವಾಸನೆ ಹೋಗಿ ತೊಗರಿಯ ಎಳೆ ಎಲೆಯ, ಕಾದ ಕಲ್ಲಿನ ವಾಸನೆ ಬಂತು. ಮೇಲೆ ಒಂದು ತಾಂಡಾ. ಲಂಬಾಣಿಗಳ ಗುರು ಸೇವಾಲಾಲರ ಗುಡಿ, ಮಗ್ಗುಲಿಗೆ ಮರಿಯಮ್ಮನ ಗುಡಿ, ಮುಂದೆ ಬಿಳಿ ನಿಶಾನೆ, ಅಂಗಳದಲ್ಲಿ ಎಲ್ಲ ಮನೆಗಳಿಗೂ ಸಲ್ಲುವ ಬಯಲು. ತಾಂಡಾಕ್ಕೆ ನಾಯಕ, ಕಾರಭಾರಿ ಎಂಬ ಹಿರಿಯರು ಇಂದಿಗೂ ಇದ್ದಾರೆ. ಮದುವೆಯ ಮಾತು, ಜಗಳದ ತೀರ್ಪು ಮೊದಲು ಬರುವುದು ಅವರ ಮುಂದೆ. ಶ್ರಾವಣದಲ್ಲಿ ಇಲ್ಲಿಯ ಮದುವೆಯಾಗದ ಹುಡುಗಿಯರು ತೀಜ್ ಹಬ್ಬಕ್ಕೆ ಪುಟ್ಟ ಬುಟ್ಟಿಗಳಲ್ಲಿ ಗೋಧಿ ಬಿತ್ತಿ, ದಿನವೂ ನೀರು ತಂದು ಹಾಕಿ, ಹಾಡಿ ಕುಣಿದು, ಮೊಳೆತ ಸಸಿಯನ್ನು ಹಿರಿಯರಿಗೆ ಹಂಚುತ್ತಾರೆ. ಕೆಳಗೆ ಸಾವಿರಾರು ಎಕರೆ ಹಸಿರು, ಇಲ್ಲಿ ಬುಟ್ಟಿಯಷ್ಟು ಹಸಿರು. ನೀರು ಹೊತ್ತು ತಂದು ಬೆಳೆಸಿದ ಈ ಬುಟ್ಟಿಯ ಹಸಿರಿಗೆ ನನ್ನ ಮನಸ್ಸು ಹೆಚ್ಚು ಸೋಲುತ್ತದೆ.

"ಕುಂದರ್ರಿ, ಚಾ ಕುಡದ ಹೋಗ್ರಿ" ಎಂದು ಒಂದು ಮನೆಯ ಯಾಡಿ, ಅಂದರೆ ತಾಯಿ, ಕಟ್ಟೆಯ ಮೇಲೆ ಕೌದಿ ಹಾಸಿದರು. ನಮ್ಮ ಹುಡುಗ ಅವರನ್ನು ಯಾಡಿ ಎಂದೇ ಕರೆದ, ತನ್ನ ತಾಯಿಯನ್ನು ಅವ್ವ ಎನ್ನುವಷ್ಟೇ ಸಲೀಸಾಗಿ. ಕೇಳಿದ ಮೇಲೆ ಟ್ರಂಕಿನಿಂದ ತಮ್ಮ ಮದುವೆಯ ಉಡುಪು ತೆಗೆದು ತೋರಿಸಿದರು: ಫೇಟಿಯಾ ಎಂಬ ಲಂಗ, ಕಾಂಚಳಿ ಎಂಬ ಕುಪ್ಪಸ, ತಲೆಯ ಮೇಲಿನ ಹೊದಿಕೆ. ಎತ್ತಿಕೊಂಡರೆ ಕೈ ಜಗ್ಗುವಷ್ಟು ಭಾರ. ಬಟ್ಟೆ ಕಾಣದಂತೆ ಹೊಲಿಗೆ, ಕನ್ನಡಿ ಬಿಲ್ಲೆ, ಕವಡೆ, ಹಳೆಯ ನಾಣ್ಯ. ಹತ್ತಿರದಿಂದ ನೋಡಿದರೆ ಕನ್ನಡಿಯನ್ನು ಅಂಟಿಸಿಲ್ಲ. ಸುತ್ತ ದಾರ ಹೆಣೆದು, ಆ ಹೆಣಿಗೆಯೇ ಕನ್ನಡಿಯನ್ನು ಹಿಡಿದಿದೆ. ಸಂಡೂರಿನ ಲಂಬಾಣಿ ಕಸೂತಿಗೆ ಭೌಗೋಳಿಕ ಸೂಚಕ ಮಾನ್ಯತೆ ಇದೆ. ಕಿಲಾನ್, ವೆಲೆ, ಮಾಕಿ, ನಕ್ರಾ ಎಂದು ಅಲ್ಲಿಯ ಹೊಲಿಗೆಗಳಿಗೆಲ್ಲ ಹೆಸರುಂಟು. 2023ರ ಜುಲೈನಲ್ಲಿ ಹಂಪಿಯಲ್ಲಿ ಜಿ–20 ಸಭೆ ನಡೆದಾಗ 1,755 ಲಂಬಾಣಿ ಕಸೂತಿ ವಸ್ತುಗಳನ್ನು ಒಟ್ಟಿಗೆ ಪ್ರದರ್ಶಿಸಿದ್ದು ಗಿನ್ನೆಸ್ ದಾಖಲೆಯಾಯಿತು. ಅದು ಹೆಮ್ಮೆಯ ಸಂಗತಿಯೇ. ಆದರೆ ಈ ಟ್ರಂಕಿನ ಉಡುಪಿನ ಮೆರುಗು ಬೇರೆ ಬಗೆಯದು. ಎದೆಯ ಮೇಲಿನ ಒಂದು ಚೌಕದಲ್ಲಿ ಹೊಲಿಗೆಯ ಕೈ ಬದಲಾಗಿತ್ತು, ಸ್ವಲ್ಪ ಸಡಿಲ, ಸ್ವಲ್ಪ ದೊಡ್ಡದು. ಅದು ತಾವು ಕಲಿಯುತ್ತಿದ್ದಾಗ ಹಾಕಿದ್ದು, ಉಳಿದದ್ದೆಲ್ಲ ತಾಯಿಯದು ಎಂದರು. ಬಿಸಿಲಿಗೆ ಹಿಡಿದಾಗ ಮಾಳಿಗೆಯ ಗೋಡೆಯ ತುಂಬ ಬೆಳಕಿನ ಬಿಲ್ಲೆಗಳು ಓಡಾಡಿದವು, ಮೊಮ್ಮಗು ಅವನ್ನು ಹಿಡಿಯಲು ಓಡಿತು.

ಮೇಲಿನ ಮನೆಗಳಲ್ಲಿ ಎರಡಕ್ಕೆ ಬೀಗ. ಬೆಂಗಳೂರು, ಪುಣೆ, ಮುಂಬೈಗೆ ಗುಳೆ ಹೋದವರವು. ಸೇವಾಲಾಲರ ಹಬ್ಬಕ್ಕೋ ದೀಪಾವಳಿಗೋ ಬಂದು ಬೀಗ ತೆಗೆಯುತ್ತಾರೆ. ದಶಕಗಳ ಕಾಲ ಈ ತಾಂಡಾಗಳು ಸರ್ಕಾರಿ ದಾಖಲೆಯಲ್ಲಿ ಊರುಗಳೇ ಆಗಿರಲಿಲ್ಲ. ಕೊಡೇಕಲ್‌ನ ಕಾಲುವೆ ಕಾರ್ಯಕ್ರಮ ನಡೆದ ದಿನವೇ ಮಳಖೇಡದಲ್ಲಿ ಯಾದಗಿರಿ ಸೇರಿ ಐದು ಜಿಲ್ಲೆಗಳ ಐವತ್ತು ಸಾವಿರಕ್ಕೂ ಹೆಚ್ಚು ಕುಟುಂಬಗಳಿಗೆ ಮನೆಯ ಹಕ್ಕುಪತ್ರ ಕೊಟ್ಟರು. ಒಂದೇ ದಿನ ಕೆಳಗಿನ ನೀರಿಗೂ ಮೇಲಿನ ನೆಲಕ್ಕೂ ಕಾಗದ ಸಿಕ್ಕಿತು. ಮೇಲಿನ ನೆಲಕ್ಕೆ ನೀರು ಸಿಗುವುದೊಂದು ಬಾಕಿ.

ತಾಂಡಾದಿಂದ ಬೆಟ್ಟದ ಒಂದು ಹೆಗಲು ಹತ್ತಿ ಇಳಿದರೆ ಹುಡುಗನ ಊರು. ಬೇಡರ ಹಳ್ಳಿಗಳು ಗುಂಡುಕಲ್ಲುಗಳ ಜೊತೆ ಬಾಳುವ ಬಗೆ ನೋಡಲು ಸೊಗಸು. ಕಲ್ಲನ್ನು ಒಡೆದು ಜಾಗ ಮಾಡಿಲ್ಲ. ಒಂದು ಗುಂಡು ಒಂದು ಮನೆಗೆ ಹಿತ್ತಿಲ ಗೋಡೆ, ಇನ್ನೊಂದು ದನ ಕಟ್ಟುವ ನೆರಳು, ಮತ್ತೆರಡು ಒರಗಿಕೊಂಡಲ್ಲಿ ಹನುಮಪ್ಪನ ಗುಡಿ. ಹೊಸ್ತಿಲಿಗೆ, ಕಟ್ಟೆಗೆ ನುಣುಪಾದ ಫರಸಿ. ಇದೇ ಕಲ್ಲುಗಳ ನಡುವೆ ಸುರಪುರದ ಗೋಸಲ ವಂಶದ ನಾಯಕರು ರಾಜ್ಯ ಕಟ್ಟಿದರು. 1705ರಲ್ಲಿ ವಾಗಿಣಗೇರಾ ಕೋಟೆ ಹಿಡಿಯಲು ಮುಪ್ಪಿನ ಔರಂಗಜೇಬನೇ ಬಂದು ಬೀಡುಬಿಟ್ಟ. ಅವನ ಕೊನೆಯ ದೊಡ್ಡ ಮುತ್ತಿಗೆ ಈ ಬೇಡರ ಮೇಲೆಯೇ. 1858ರಲ್ಲಿ ರಾಜಾ ವೆಂಕಟಪ್ಪ ನಾಯಕ ಬ್ರಿಟಿಷರ ವಿರುದ್ಧ ಎದ್ದ. ಆ ರಾಜ ಹುಡುಗನಾಗಿದ್ದಾಗ ಸಂಸ್ಥಾನದ ಮೇಲ್ವಿಚಾರಣೆಗೆಂದು 1841ರಲ್ಲಿ ಬಂದ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್ 1853ರವರೆಗೆ ಇಲ್ಲಿದ್ದ. ಕಾದಂಬರಿಕಾರ, ಬೋನಾಳದ ಕೆರೆಯನ್ನು ಹಿಗ್ಗಿಸಿದವನು, ವಿಭೂತಿಹಳ್ಳಿಯ ಕಲ್ಲುಸಾಲುಗಳನ್ನು, ರಾಜನಕೋಳೂರಿನ ಶಿಲಾಸಮಾಧಿಗಳನ್ನು ಅಳೆದು ಬರೆದವನು. ಗುಡ್ಡದ ಮೇಲಿನ ಅವನ ಬಂಗಲೆ ಟೇಲರ್ ಮಂಜಿಲ್ ಸುರಪುರದಲ್ಲಿ ಇಂದಿಗೂ ನಿಂತಿದೆ. ನಾಯಕರ ಆಶ್ರಯದಲ್ಲಿ ಬಂಗಾರದ ರೇಕು ಹಚ್ಚಿ ಬರೆದ ಸುರಪುರ ಶೈಲಿಯ ಚಿತ್ರಗಳಿಗೆ ಗರುಡಾದ್ರಿ ಮನೆತನದ ಹೆಸರು ಅಂಟಿಕೊಂಡಿದೆ. ಬೆಟ್ಟದ ಹೆಗಲಿನಿಂದ ಇಳಿಬಿಸಿಲಿನಲ್ಲಿ ಗದ್ದೆಗಳನ್ನು ನೋಡಿದವರಿಗೆ ಆ ಬಂಗಾರ ಎಲ್ಲಿಂದ ಬಂತೆಂದು ಕೇಳುವ ಅಗತ್ಯ ಬೀಳುವುದಿಲ್ಲ.

ಊರ ಕಟ್ಟೆಯ ಮೇಲೆ ಹುಡುಗರು ಸುರಪುರದ ವೇಣುಗೋಪಾಲಸ್ವಾಮಿಯ ಹಾಲೋಕುಳಿಯ ಮಾತಿನಲ್ಲಿ ಮುಳುಗಿದ್ದರು. ಗೋಕುಲಾಷ್ಟಮಿಯ ಹೊತ್ತಿನ ಆ ಜಾತ್ರೆಯಲ್ಲಿ ಎತ್ತರದ ನುಣುಪು ಕಂಬ ಏರುವವರ ಮೇಲೆ ನೀರು ಸುರಿಯುತ್ತಾರೆ. ಯಾರು ಎಷ್ಟು ಮೇಲೆ ಹೋದ, ಯಾರ ಕಾಲು ಎಲ್ಲಿ ಜಾರಿತು ಎಂಬ ಚರ್ಚೆ ವರ್ಷವಿಡೀ ನಡೆಯುವಂಥದ್ದು. ಹಿರಿಯರೊಬ್ಬರು ನಮಗೆ ನೀರು ತರಿಸಿ, ಬೋನಾಳದ ಕೆರೆಗೆ ಚಳಿಗಾಲದಲ್ಲಿ ಬರುವ ಹಕ್ಕಿಗಳ ವಿಷಯ ತೆಗೆದರು. ಹಿಮಾಲಯ ದಾಟಿ ಬರುವ ಪಟ್ಟೆತಲೆಯ ಹೆಬ್ಬಾತುಗಳು ಅಲ್ಲಿಳಿಯುತ್ತವೆ. "ಸುಗ್ಗಿ ಆದಮ್ಯಾಲ ಗದ್ಯಾಗ ಉದುರಿದ ಕಾಳು ಆರಿಸ್ಲಿಕ್ಕ ಬರ್ತಾವ್ರಿ. ನಮ್ ಬತ್ತಕ್ಕ ಅಲ್ಲಿತನಕ ಸುದ್ದಿ ಹೋಗೇತಿ" ಎಂದರು. ಡಿಸೆಂಬರಿಗೆ ಬನ್ನಿ, ನಾನೇ ಕೆರೆಗೆ ಕರೆದೊಯ್ಯುತ್ತೇನೆ ಎಂದು ಹುಡುಗ ಮಾತು ಕೊಟ್ಟ.

ಅಷ್ಟರಲ್ಲಿ ಅವನ ಫೋನು ಬಡಿಯಿತು. ಮಾವನದು. ಅವರ ಹೊಲಕ್ಕೆ ನೀರಿನ ಪಾಳಿ ಬೆಳಗಿನ ಜಾವ ಎಂದಿದ್ದದ್ದು ಹಿಂದಕ್ಕೆ ಸರಿದು ರಾತ್ರಿ ಎಂಟಕ್ಕೇ ಬಂದಿತ್ತು. ಮೇಲಿನ ಹೊಲದವರು ತಮ್ಮದು ತುಂಬಿತೆಂದು ಬಿಟ್ಟುಕೊಟ್ಟಿದ್ದರು. ಅವನು ಒಳಗೆ ಹೋಗಿ ಟಾರ್ಚು, ಸಲಿಕೆ, ಒಂದು ಹಳೆಯ ರಗ್ಗು ತಂದ. "ಶಹಾಪುರದ ಕೊನೀ ಬಸ್ಸು ಇನ್ನಾ ಐತ್ರಿ, ಅಣ್ಣ ಬೈಕ್ ಮ್ಯಾಲ ಬಿಡ್ತಾನ" ಎಂದವನೇ ಸಲಿಕೆ ಹೆಗಲಿಗೇರಿಸಿ ಕಾಲುವೆಯ ಕಡೆ ದಾಪುಗಾಲು ಹಾಕಿದ. ಹಿಂದಿನಿಂದ ಅವ್ವ ರೊಟ್ಟಿಯ ಗಂಟು ಹಿಡಿದು ಕೂಗಿದರು, ಕಟ್ಟೆಯ ಹುಡುಗನೊಬ್ಬ ಅದನ್ನು ಇಸಿದುಕೊಂಡು ಅವನ ಹಿಂದೆ ಓಡಿದ.